ಬೆಕ್ಕು ನಾಯಿಯಾದ ಗುಟ್ಟು

ಪ್ರಶ್ನೆ: ನನ್ನ ಮಗಳು ಎಂಟನೇ ಕ್ಲಾಸು. ಯಾವುದೋ ಒಂದು ವೆಬ್ ಪುಟದಲ್ಲಿ ಪುಟ್ಟ ಬಿಳಿ ಬೆಕ್ಕೊಂದು ಮೌಸ್ ಬಾಣದ ಹಿಂದೆ ಓಡಾಡುತ್ತದೆ. ಬಾಣ ನಿಂತರೆ ಅದೂ ನಿಂತು, ಮೈ ಕೆರೆದುಕೊಂಡು, ಆಕಳಿಸಿ ಮಲಗುತ್ತದೆ. ಮೊನ್ನೆ ಅವಳು ‘ಅಮ್ಮಾ, ಇಲ್ಲಿ ನೋಡು’ ಅಂತ ಕರೆದು ಮೇಲೆ, ಮೇಲೆ, ಕೆಳಗೆ, ಕೆಳಗೆ ಅಂತ ಏನೇನೋ ಕೀಲಿ ಒತ್ತಿದಳು. ಬೆಕ್ಕು ನಾಯಿಯಾಯಿತು! ಸಂಜೆ ನಾನು ಕನ್ನಡದಲ್ಲಿ ಪತ್ರ ಟೈಪ್ ಮಾಡಿ ಮುಗಿಸಿ ಅದೇ ಕೀಲಿಗಳನ್ನು ಒತ್ತಿದರೆ ಏನೂ ಆಗಲಿಲ್ಲ. ನಮ್ಮ ಮನೆಯವರ ಲ್ಯಾಪ್‌ಟಾಪಿನಲ್ಲಂತೂ ಬೆಕ್ಕೇ ಕಾಣುವುದಿಲ್ಲ. ಈಗ ಅವಳು ಎಲ್ಲ ಸೈಟುಗಳಲ್ಲೂ ಬೆಕ್ಕು ಬರುವಂಥ ಎಕ್ಸ್‌ಟೆನ್ಶನ್ ಹಾಕಿಕೊಂಡಿದ್ದಾಳೆ. ಅದರಲ್ಲೂ ಇಂಥದ್ದೇ ಗುಟ್ಟಿನ ಆಟ ಇದೆಯಂತೆ. ಅದೇ ಲ್ಯಾಪ್‌ಟಾಪಿನಲ್ಲಿ ನಾನು ಬ್ಯಾಂಕಿನ ಕೆಲಸ ಮಾಡುತ್ತೇನೆ. ಇದೇನು ವೈರಸ್ಸಾ? ತಾನೂ ಇಂಥದ್ದೊಂದು ಮಾಡಬೇಕು ಅಂತ ಬೇರೆ ಹಟ ಹಿಡಿದಿದ್ದಾಳೆ. ಏನು ಹೇಳಲಿ?
(ಒಬ್ಬ ಓದುಗರು, ಶಿರಸಿ)

ಉತ್ತರ: ಮೊದಲು ಹೆದರಿಕೆ ಬಿಡಿ. ಪುಟದಲ್ಲಿ ಓಡಾಡುವ ಬೆಕ್ಕು ವೈರಸ್ ಅಲ್ಲ. ಅದು ನಾಯಿಯಾದದ್ದೂ ವೈರಸ್ ಅಲ್ಲ. ಎಕ್ಸ್‌ಟೆನ್ಶನ್ ಅಂದರೆ ಬ್ರೌಸರಿಗೆ ಸೇರಿಸಿಕೊಳ್ಳುವ ಪುಟ್ಟ ಪ್ರೋಗ್ರಾಮು. ಅದು ಮಾತ್ರ ಬೇರೆ ಮಾತು. ಅದನ್ನು ನಾನು ನೋಡಿಲ್ಲ, ಹಾಗಾಗಿ ಕೆಟ್ಟದ್ದು ಅನ್ನಲಾರೆ. ಆದರೂ ಈ ಉತ್ತರ ಓದಿ ಮುಗಿಸುವ ತನಕ ಆ ಬ್ರೌಸರಿನಲ್ಲಿ ಬ್ಯಾಂಕಿನ ಪುಟ ತೆರೆಯಬೇಡಿ. ಕಾರಣ ಹೇಳುತ್ತೇನೆ, ಅದಕ್ಕೆ ಮುಂಚೆ ಬೆಕ್ಕಿನ ಕಥೆ ಸ್ವಲ್ಪ ಕೇಳಬೇಕು.

ನೀವು ಹೇಳಿದ ಚಹರೆ ನೋಡಿದರೆ ಇದು ನೆಕೊ. ಜಪಾನೀ ಭಾಷೆಯಲ್ಲಿ ನೆಕೊ ಅಂದರೆ ಬೆಕ್ಕು, ಅಷ್ಟೇ. ನಿಮ್ಮ ಮಗಳಿಗಿಂತ ಇದಕ್ಕೆ ತುಂಬಾ ವಯಸ್ಸಾಗಿದೆ. 1980ರ ದಶಕದಲ್ಲಿ ಜಪಾನಿನ ಎನ್‌ಇಸಿ ಕಂಪನಿಯ ಪಿಸಿ-9801 ಅನ್ನುವ ಕಂಪ್ಯೂಟರಿಗೆ ನವೋಶಿ ವತನಬೆ ಎಂಬವರು ಇದನ್ನು ಮೊದಲು ಮಾಡಿದರು. 1989ರಲ್ಲಿ ಕೆಂಜಿ ಗೊತೊ ಅದನ್ನು ಮ್ಯಾಕಿಂಟಾಷ್‌ಗೆ ತಂದರು. ಮರುವರ್ಷ ಮಸಯುಕಿ ಕೊಬಾ ಯುನಿಕ್ಸ್ ಯಂತ್ರಗಳಿಗೆ ತಂದರು, ಹೆಸರು ಎಕ್ಸ್‌ನೆಕೊ. ಅದರಿಂದ ತತ್ಸುಯ ಕಾತೊ ಅವರ ಒನೆಕೊ ಹುಟ್ಟಿತು. ಅಲ್ಲಿಂದ ಮುಂದೆ ಬ್ರೌಸರಿಗೆ ಬಂದದ್ದು ಒನೆಕೊ.ಜೆಎಸ್ ಎನ್ನುವ ಪುಟ್ಟ ಜಾವಾಸ್ಕ್ರಿಪ್ಟ್ ಕಡತ, ಅಂದರೆ ವೆಬ್ ಪುಟದೊಳಗೆ ಓಡುವ ಕೋಡು. ಯಾರು ಬೇಕಾದರೂ ತಮ್ಮ ಪುಟಕ್ಕೆ ಒಂದು ಸಾಲು ಸೇರಿಸಿದರೆ ಸಾಕು, ಬೆಕ್ಕು ಬಂದು ಕೂರುತ್ತದೆ. ಬಾಣವನ್ನೇ ಯಾಕೆ ಅಟ್ಟಿಸಿಕೊಂಡು ಹೋಗುತ್ತದೆ ಅಂದರೆ, ಮೌಸ್ ಅಂದರೆ ಇಲಿ ತಾನೆ! ಇಲ್ಲಿ ಚೆಲ್ಲಾಟ ಬೆಕ್ಕಿನದ್ದೇ, ಆದರೆ ಪ್ರಾಣಸಂಕಟ ಯಾರಿಗೂ ಇಲ್ಲ.

ಇನ್ನು ನಾಯಿ. ಒನೆಕೊದಲ್ಲಿ ಇದೂ ಹಳೆಯ ಕುಚೇಷ್ಟೆ. ಅದನ್ನು ಶುರು ಮಾಡುವಾಗ ಆಜ್ಞೆಯ ಜೊತೆ ‘ಟೋರಾ’ ಅಂತ ಸೇರಿಸಿದರೆ ಹುಲಿಪಟ್ಟೆಯ ಬೆಕ್ಕು ಬರುತ್ತಿತ್ತು. ‘ಡಾಗ್’ ಅಂದರೆ ನಾಯಿ. ಬ್ರೌಸರಿನ ಒನೆಕೊದ ಮೂಲ ಕೋಡಿನಲ್ಲಿ ನಾಯಿ ಇಲ್ಲ. ಹಾಗಾಗಿ ಆ ಪುಟದ ಯಜಮಾನರು ಹಳೆಯ ನೆನಪಿಗೆ ತಾವೇ ಸೇರಿಸಿ, ಅದಕ್ಕೊಂದು ಗುಟ್ಟಿನ ಬೀಗ ಹಾಕಿದ್ದಾರೆ.

ಆ ಬೀಗದ ಕೀಲಿಕೈಗೂ ಒಂದು ಕಥೆ ಇದೆ. ಮೇಲೆ, ಮೇಲೆ, ಕೆಳಗೆ, ಕೆಳಗೆ, ಎಡ, ಬಲ, ಎಡ, ಬಲ, ಆಮೇಲೆ ಬಿ, ಎ. ಇದನ್ನು ಕೊನಾಮಿ ಕೋಡ್ ಅನ್ನುತ್ತಾರೆ. ಜಪಾನಿನ ಕೊನಾಮಿ ಕಂಪನಿಯಲ್ಲಿ ಕಝುಹಿಸಾ ಹಶಿಮೊಟೊ ಎಂಬವರು ಗ್ರೇಡಿಯಸ್ ಎಂಬ ಆಟವನ್ನು ಮನೆಯ ಗೇಮ್ ಯಂತ್ರಕ್ಕೆ ತರುತ್ತಿದ್ದರು. ಆಟ ವಿಪರೀತ ಕಷ್ಟ. ಪರೀಕ್ಷೆ ಮಾಡಲು ಆಡಲೇಬೇಕು, ಆಡಿದರೆ ಸೋಲು. ಅದಕ್ಕೆ ತಮಗೆ ಮಾತ್ರ ನೆನಪಿರುವ ಹತ್ತು ಒತ್ತುಗಳ ಒಂದು ಕಳ್ಳದಾರಿ ಮಾಡಿಕೊಂಡರು. ಅದನ್ನು ಒತ್ತಿದರೆ ಎಲ್ಲ ಆಯುಧಗಳೂ ಒಟ್ಟಿಗೆ ಸಿಗುತ್ತಿದ್ದವು. 1986ರಲ್ಲಿ ಆಟ ಹೊರಬಂದಾಗ ಆ ಕಳ್ಳದಾರಿಯೂ ಒಳಗೇ ಉಳಿದಿತ್ತು. ಜನಕ್ಕೆ ಅದು ಸಿಕ್ಕಿತು. ಮುಂದೆ 1988ರ ಕಾಂಟ್ರಾ ಆಟದಲ್ಲಿ ಅದೇ ಕೀಲಿಗಳಿಗೆ 30 ಜೀವ ಸಿಕ್ಕಿತು ನೋಡಿ, ಅಲ್ಲಿಂದ ಇದು ಲೋಕಪ್ರಸಿದ್ಧ.

ಕಾಂಟ್ರಾ ಅಂದ ಕೂಡಲೇ ತೊಂಬತ್ತರ ದಶಕದ ಮಕ್ಕಳಿಗೆ ಟಿವಿಗೆ ಸಿಕ್ಕಿಸುವ ಗೇಮು, ಅದರ ಹಳದಿ ಕ್ಯಾಸೆಟ್ಟು ನೆನಪಾಗಿರಬೇಕು. ದಾವಣಗೆರೆಯಲ್ಲಿ ನಮ್ಮ ಅತ್ತೆ ಮನೆಯಲ್ಲಿ ಅದಿತ್ತು. ರಜೆಯಲ್ಲಿ ಐದು ಜನ ಮಕ್ಕಳು, ಎರಡು ರಿಮೋಟು. ಈ ಕೋಡನ್ನು ಅತ್ತೆಯ ಮಗ ಎಲ್ಲಿಂದಲೋ ಕಲಿತು ಬಂದಿದ್ದ, ಆದರೆ ನಮಗೆ ಹೇಳಿಕೊಡುತ್ತಿರಲಿಲ್ಲ. ಬೆನ್ನು ತಿರುಗಿಸಿ ಕೂತು ಒತ್ತುತ್ತಿದ್ದ. ನಿಮ್ಮ ಮಗಳು ನಿಮ್ಮನ್ನು ಕರೆದು ತೋರಿಸಿದಳಲ್ಲ, ಅವಳು ನಮ್ಮವನಿಗಿಂತ ಸಾವಿರ ಪಾಲು ವಾಸಿ.

ಸರಿ, ಪುಟಕ್ಕೆ ಇದೆಲ್ಲ ಹೇಗೆ ಗೊತ್ತಾಗುತ್ತದೆ? ಬ್ರೌಸರಿನಲ್ಲಿ ತೆರೆದಿರುವ ಪ್ರತಿ ಪುಟಕ್ಕೂ ಒಂದು ಕಿವಿ ಇಟ್ಟುಕೊಳ್ಳುವ ಅವಕಾಶ ಇದೆ. ಕೋಡು ಬರೆಯುವವರು ಅದನ್ನು ಲಿಸನರ್ ಅಂತಲೇ ಕರೆಯುತ್ತಾರೆ. ನೀವು ಯಾವುದೇ ಕೀಲಿ ಒತ್ತಿದಾಗ ಬ್ರೌಸರು ಆ ಕಿವಿಯಲ್ಲಿ ಉಸುರುತ್ತದೆ: ‘ಈಗ ಮೇಲಿನ ಬಾಣ ಒತ್ತಿದರು.’ ಪುಟದ ಕೋಡು ಕೊನೆಯ ಹತ್ತು ಒತ್ತುಗಳನ್ನು ಸಾಲಾಗಿ ನೆನಪಿಟ್ಟುಕೊಳ್ಳುತ್ತದೆ. ಹೊಸದೊಂದು ಬಂದರೆ ಹಳೆಯದೊಂದು ಹೊರಗೆ. ಸಿಟಿ ಬಸ್ಸಿನ ಹಾಗೆ, ಹಿಂದಿನ ಬಾಗಿಲಲ್ಲಿ ಹತ್ತಿ ಮುಂದಿನ ಬಾಗಿಲಲ್ಲಿ ಇಳಿ. ಪ್ರತಿ ಸಲ ಸಾಲನ್ನು ಗುಟ್ಟಿನ ಸಾಲಿನ ಜೊತೆ ಹೋಲಿಸಿ ನೋಡುತ್ತದೆ. ಹೊಂದಿದರೆ ಬೆಕ್ಕಿನ ಚಿತ್ರ ತೆಗೆದು ನಾಯಿಯ ಚಿತ್ರ ಹಾಕುತ್ತದೆ. ಇದರಲ್ಲಿ ಮಾಯ ಮಂತ್ರ ಏನೂ ಇಲ್ಲ.

ಇನ್ನೊಂದು ವಿಷಯ ಹೇಳಿದರೆ ನಿಮ್ಮ ಮಗಳು ಕುಣಿದಾಡುತ್ತಾಳೆ. ವೆಬ್ ಪುಟದ ಗುಟ್ಟು ನಿಜವಾಗಿ ಗುಟ್ಟೇ ಅಲ್ಲ. ಆ ಕೋಡು ನಿಮ್ಮ ಲ್ಯಾಪ್‌ಟಾಪಿಗೆ ಬಂದು, ಅಲ್ಲೇ ಓಡುತ್ತದೆ. ಪುಟದಲ್ಲಿ ಕಂಟ್ರೋಲ್ ಮತ್ತು ಯು ಒಟ್ಟಿಗೆ ಒತ್ತಿದರೆ ಮೂಲ ಕಾಣುತ್ತದೆ. ಅಲ್ಲೇ, ಅಥವಾ ಅದು ಕರೆಯುವ ಜಾವಾಸ್ಕ್ರಿಪ್ಟ್ ಕಡತಗಳಲ್ಲಿ, ಆರೋಅಪ್ ಅಂತ ಇಂಗ್ಲಿಷಿನಲ್ಲಿ ಹುಡುಕಲಿ. ಸಿಗದಿದ್ದರೆ 38 ಅಂತ ಹುಡುಕಲಿ. 38, 38, 40, 40, 37, 39, 37, 39, 66, 65 ಎಂಬ ಸಂಖ್ಯೆಗಳ ಸಾಲು ಕಂಡರೆ ಅದೇ ಕೊನಾಮಿ ಕೋಡ್. ಹಳೆಯ ಪದ್ಧತಿಯಲ್ಲಿ ಪ್ರತಿ ಕೀಲಿಗೂ ಒಂದು ಸಂಖ್ಯೆ ಇರುತ್ತದೆ. ಹೀಗೆ ಹುಡುಕುವಾಗ ಪುಟದವರು ಅಡಗಿಸಿಟ್ಟ ಇನ್ನೊಂದು ಆಟವೂ ಸಿಕ್ಕರೆ ಆಶ್ಚರ್ಯ ಬೇಡ.

ಈಗ ನಿಮ್ಮ ಕನ್ನಡದ ಪ್ರಶ್ನೆ. ಇದು ನನಗೆ ತುಂಬಾ ಇಷ್ಟವಾದ ಪ್ರಶ್ನೆ, ಯಾಕಂದ್ರೆ ಇಂಥ ಆಟ ಮಾಡುವವರಲ್ಲಿ ಬಹಳ ಜನ ಇದನ್ನು ಯೋಚಿಸಿಯೇ ಇರುವುದಿಲ್ಲ. ನೀವು ಪತ್ರ ಟೈಪ್ ಮಾಡಿದ ಮೇಲೆ ಕೀಬೋರ್ಡನ್ನು ಕನ್ನಡದಲ್ಲೇ ಬಿಟ್ಟಿದ್ದೀರಿ. ವಿಂಡೋಸಿನ ಮಾಮೂಲಿ ಕನ್ನಡ ಕೀಬೋರ್ಡು ಇನ್‌ಸ್ಕ್ರಿಪ್ಟ್ ವಿನ್ಯಾಸದ್ದು. ಅದರಲ್ಲಿ ಬಿ ಒತ್ತಿದರೆ ‘ವ’ ಬರುತ್ತದೆ, ಎ ಒತ್ತಿದರೆ ಓತ್ವದ ದೀರ್ಘ, ಅಂದರೆ ‘ೋ’. ಬಾಣದ ಕೀಲಿಗಳು ಯಾವ ಭಾಷೆಯಲ್ಲೂ ಬಾಣಗಳೇ. ಹಾಗಾಗಿ ಮೊದಲ ಎಂಟು ಒತ್ತು ಸರಿಯಾಗಿಯೇ ಹೋದವು. ಒಂಬತ್ತನೆಯದಕ್ಕೆ ಬ್ರೌಸರು ಪುಟದ ಕಿವಿಯಲ್ಲಿ ‘ಬಿ’ ಅನ್ನುವ ಬದಲು ‘ವ’ ಅಂದಿತು. ಹತ್ತನೆಯದಕ್ಕೆ ‘ೋ’. ಬೆಕ್ಕು ಬಿ, ಎ ಅಂತ ಕಾಯುತ್ತಾ ಕೂತಿದೆ, ನೀವು ‘ವೋ’ ಅಂದಿದ್ದೀರಿ! ಲಿನಕ್ಸಿನಲ್ಲಿ ಕಗಪ ವಿನ್ಯಾಸ, ಅಂದರೆ ಕನ್ನಡ ಗಣಕ ಪರಿಷತ್ತಿನದ್ದು, ಹಾಕಿಕೊಂಡವರಿಗೂ ಇದೇ ಪಾಡು. ಅಲ್ಲಿ ಬಿ ಒತ್ತಿದರೆ ‘ಬ’ ಬರುತ್ತದೆ. ಕಿವಿಗೆ ಹತ್ತಿರದ ಸದ್ದು, ಆದರೆ ಕಂಪ್ಯೂಟರಿಗೆ ಇಂಗ್ಲಿಷಿನ ಬಿ ಬೇರೆ, ಕನ್ನಡದ ಬ ಬೇರೆ.

ಕೋಡು ಬರೆಯುವವರಿಗೆ ಇಲ್ಲಿ ಎರಡು ದಾರಿ ಇವೆ. ಕೀಲಿ ಒತ್ತಿದಾಗ ಬ್ರೌಸರು ಎರಡು ಸುದ್ದಿ ಕೊಡುತ್ತದೆ. ಒಂದು ಕೀ: ಯಾವ ಅಕ್ಷರ ಬಂತು ಅನ್ನುವುದು. ಇನ್ನೊಂದು ಕೋಡ್: ಕೀಬೋರ್ಡಿನ ಯಾವ ಜಾಗದ ಕೀಲಿಯನ್ನು ಬೆರಳು ಮುಟ್ಟಿತು ಅನ್ನುವುದು. ನೀವು ಕನ್ನಡದಲ್ಲಿದ್ದರೂ ಇಂಗ್ಲಿಷಿನಲ್ಲಿದ್ದರೂ ಆ ಜಾಗದ ಹೆಸರು ಕೀಬಿ ಅಂತಲೇ ಬರುತ್ತದೆ. ಆ ಪುಟದವರು ಕೀ ನೋಡಿದ್ದಾರೆ, ಕೋಡ್ ನೋಡಬೇಕಿತ್ತು. ತಮಾಷೆ ಅಂದರೆ, 38, 40 ಅಂತ ಸಂಖ್ಯೆ ನೋಡುವ ಹಳೇ ಪದ್ಧತಿಯಲ್ಲಿ ಬರೆದಿದ್ದರೆ ವಿಂಡೋಸಿನ ಇನ್‌ಸ್ಕ್ರಿಪ್ಟಿನಲ್ಲೂ ಸಾಮಾನ್ಯವಾಗಿ ಕೆಲಸ ಆಗುತ್ತಿತ್ತು. ಆ ಪದ್ಧತಿ ಬಿಡಿ ಅಂತ ಈಗ ಎಲ್ಲರಿಗೂ ಬುದ್ಧಿ ಹೇಳುತ್ತೇವೆ, ನಾನೂ ಹೇಳುತ್ತೇನೆ. ಹಳತು ಬಿಟ್ಟು ಹೊಸತಕ್ಕೆ ಹೋದವರು ಇಲ್ಲಿ ಎಡವಿದ್ದಾರೆ. ಹಾಗಂತ ಜಾಗ ನೋಡುವುದೂ ಎಲ್ಲ ಕಡೆ ನಡೆಯುವುದಿಲ್ಲ. ಫ್ರಾನ್ಸಿನ ಕೀಬೋರ್ಡಿನಲ್ಲಿ ಎ ಇರುವುದು ನಮ್ಮ ಕ್ಯೂ ಇರುವ ಜಾಗದಲ್ಲಿ. ಅಲ್ಲಿಯವರು ಎ ಒತ್ತಿದರೆ ಜಾಗದ ಹೆಸರು ಕೀಕ್ಯೂ ಅಂತ ಬರುತ್ತದೆ. ನನ್ನ ಮಾತು ಕೇಳಿದರೆ ಎರಡನ್ನೂ ನೋಡಿ, ಯಾವುದು ಹೊಂದಿದರೂ ಒಪ್ಪಿಕೊಳ್ಳುವುದು ಒಳ್ಳೆಯದು. ಕ್ಯಾಪ್ಸ್ ಲಾಕ್ ಒತ್ತಿದ್ದರೆ ಸಣ್ಣ ಬಿ ಹೋಗಿ ದೊಡ್ಡ ಬಿ ಬರುತ್ತದೆ ಅನ್ನುವುದೂ ನೆನಪಿರಲಿ. ಎಷ್ಟೋ ದೂರುಗಳು ಅದರಿಂದಲೇ ಬರುತ್ತವೆ.

ಫೋನಿನಲ್ಲಿ ಪ್ರಯತ್ನಿಸಿ ಸುಸ್ತಾಗಬೇಡಿ. ಅಲ್ಲಿ ಬಾಣದ ಕೀಲಿಗಳು ಇರುವುದಿಲ್ಲ. ಇದ್ದ ಅಕ್ಷರಗಳಿಗೂ ಆಂಡ್ರಾಯ್ಡಿನ ತೆರೆ ಕೀಬೋರ್ಡು ಬಹುಪಾಲು ಸಲ 229 ಅನ್ನುವ ಒಂದೇ ಸಂಖ್ಯೆ ಕೊಟ್ಟು ಕೈತೊಳೆದುಕೊಳ್ಳುತ್ತದೆ. ಯಾವ ಅಕ್ಷರ ಅಂತ ಹೇಳುವುದೇ ಇಲ್ಲ.

ನಿಮ್ಮ ಮನೆಯವರ ಲ್ಯಾಪ್‌ಟಾಪಿನಲ್ಲಿ ಬೆಕ್ಕು ಬಾರದಿರುವುದು ಕೆಟ್ಟದ್ದೇನಲ್ಲ, ಬೆಕ್ಕಿನ ಮರ್ಯಾದೆ ಅದು. ವಿಂಡೋಸ್ ಸೆಟ್ಟಿಂಗ್ಸಿನ ಅಕ್ಸೆಸಿಬಿಲಿಟಿಯಲ್ಲಿ ವಿಶುವಲ್ ಎಫೆಕ್ಟ್ಸ್ ಅಂತ ಇದೆ, ಅಲ್ಲಿ ಅನಿಮೇಶನ್ ನಿಲ್ಲಿಸಿರಬೇಕು. ತೆರೆಯ ಮೇಲೆ ವಸ್ತುಗಳು ಓಡಾಡಿದರೆ ಕೆಲವರಿಗೆ ತಲೆ ಸುತ್ತುತ್ತದೆ. ಅಂಥವರಿಗಾಗಿ ಇರುವ ಆಯ್ಕೆ ಅದು. ಒನೆಕೊ ಆ ಆಯ್ಕೆಯನ್ನು ಕೇಳಿ ನೋಡುತ್ತದೆ, ‘ಚಲನೆ ಬೇಡ’ ಅಂತ ಇದ್ದರೆ ಹೊರಗೇ ಬರುವುದಿಲ್ಲ. ದೊಡ್ಡ ದೊಡ್ಡ ಕಂಪನಿಗಳ ಪುಟಗಳಿಗೂ ಇಷ್ಟು ಸೌಜನ್ಯ ಇರುವುದಿಲ್ಲ.

ಇನ್ನು ಎಕ್ಸ್‌ಟೆನ್ಶನ್. ಮೇಲೆ ಹೇಳಿದ ಕಿವಿಯನ್ನು ನೆನಪಿಸಿಕೊಳ್ಳಿ. ಬೆಕ್ಕಿನ ಪುಟದ ಕಿವಿ ಆ ಪುಟದೊಳಗಿನ ಸದ್ದನ್ನು ಮಾತ್ರ ಕೇಳುತ್ತದೆ. ಪಕ್ಕದ ಟ್ಯಾಬಿನಲ್ಲಿ ನೀವು ಬ್ಯಾಂಕಿಗೆ ಹೋಗಿ ಏನು ಟೈಪ್ ಮಾಡಿದರೂ ಅದಕ್ಕೆ ಗೊತ್ತಾಗದು. ಬ್ರೌಸರು ಮಧ್ಯೆ ಗಟ್ಟಿ ಗೋಡೆ ಹಾಕಿದೆ. ಅದಕ್ಕೇ ಮೊದಲೇ ಹೆದರಬೇಡಿ ಅಂದೆ. ಎಕ್ಸ್‌ಟೆನ್ಶನ್ ಹಾಗಲ್ಲ. ಎಲ್ಲ ಸೈಟಿನಲ್ಲೂ ಬೆಕ್ಕು ಓಡಾಡಬೇಕು ಅಂದರೆ ಅದು ಎಲ್ಲ ಸೈಟಿನ ಒಳಗೂ ಹೋಗಲೇಬೇಕು. ಎಲ್ಲೆಲ್ಲೂ ಗುಟ್ಟಿನ ಕೀಲಿ ಕೆಲಸ ಮಾಡಬೇಕು ಅಂದರೆ ಎಲ್ಲೆಲ್ಲೂ ಕಿವಿ ಇಡಲೇಬೇಕು. ಮೇಲೆ, ಮೇಲೆ, ಕೆಳಗೆ, ಕೆಳಗೆ ಅಂತ ಕೇಳಿಸಿಕೊಳ್ಳುವ ಅದೇ ಕಿವಿಗೆ ನಿಮ್ಮ ಪಾಸ್‌ವರ್ಡಿನ ಅಕ್ಷರಗಳೂ ಒಂದೊಂದಾಗಿ ಕೇಳುತ್ತವೆ. ತೆರೆಯ ಮೇಲೆ ಚುಕ್ಕಿ ಚುಕ್ಕಿ ಕಾಣುವುದು ನಿಮ್ಮ ಬೆನ್ನ ಹಿಂದೆ ನಿಂತವರಿಗೆ. ಒಳಗಿರುವ ಕೋಡಿಗೆ ಆ ಚುಕ್ಕಿಗಳ ಅಡ್ಡಿ ಇಲ್ಲ.

ಗುಟ್ಟಿನ ಆಟ ಇರುವ ಎಕ್ಸ್‌ಟೆನ್ಶನ್‌ಗಳೆಲ್ಲ ಕಳ್ಳರು ಅಂತ ಅಲ್ಲ. ಒಳ್ಳೆಯವು ಹತ್ತು ಒತ್ತು ಕೇಳಿ, ಹೊಂದದಿದ್ದರೆ ಅಲ್ಲೇ ಮರೆಯುತ್ತವೆ. ತೊಂದರೆ ಏನಂದರೆ, ಆಟದ ಬೆಕ್ಕಿಗೂ ಕಣ್ಣು ಮುಚ್ಚಿ ಹಾಲು ಕುಡಿಯುವ ಬೆಕ್ಕಿಗೂ ಹೊರಗಿನಿಂದ ವ್ಯತ್ಯಾಸ ಕಾಣುವುದಿಲ್ಲ. ಎರಡಕ್ಕೂ ಬೇಕಾಗುವ ಅನುಮತಿ ಒಂದೇ. ಹಾಕಿಕೊಳ್ಳುವಾಗ ಬ್ರೌಸರು ಕೇಳಿರುತ್ತದೆ: ಎಲ್ಲ ವೆಬ್‌ಸೈಟುಗಳಲ್ಲಿ ನಿಮ್ಮ ಎಲ್ಲ ಮಾಹಿತಿಯನ್ನು ಇದು ಓದಬಹುದು, ಬದಲಿಸಬಹುದು, ಸರೀನಾ? ಬೆಕ್ಕಿನ ಮುಖ ನೋಡಿ ನಾವು ಹೂಂ ಅಂದುಬಿಡುತ್ತೇವೆ.

ಇದಕ್ಕಿಂತ ದೊಡ್ಡ ಅಪಾಯ ಬೇರೆ ಇದೆ. ಇವತ್ತು ಒಳ್ಳೆಯದಿರುವ ಎಕ್ಸ್‌ಟೆನ್ಶನ್ ನಾಳೆ ಮಾರಾಟವಾಗಬಹುದು. ದಿ ಗ್ರೇಟ್ ಸಸ್ಪೆಂಡರ್ ಅಂತ ಒಂದಿತ್ತು. ಬಳಸದ ಟ್ಯಾಬುಗಳನ್ನು ಮಲಗಿಸಿ ಮೆಮೊರಿ ಉಳಿಸುತ್ತಿತ್ತು. ಬಹಳ ಜನಪ್ರಿಯ, ಬಹಳ ನಂಬಿಕಸ್ಥ, ನಾನೂ ಬಳಸುತ್ತಿದ್ದೆ. 2020ರಲ್ಲಿ ಅದು ಬೇರೆಯವರ ಕೈಗೆ ಹೋಯಿತು. 2021ರ ಫೆಬ್ರವರಿಯಲ್ಲಿ ಅದರಲ್ಲಿ ಅಪಾಯಕಾರಿ ಕೋಡು ಇದೆ ಅಂತ ಗೂಗಲ್ ಅದನ್ನು ಕ್ರೋಮ್ ಅಂಗಡಿಯಿಂದ ತೆಗೆದುಹಾಕಿತು. ಎಕ್ಸ್‌ಟೆನ್ಶನ್‌ಗಳು ನಮ್ಮನ್ನು ಕೇಳದೆ ತಾವೇ ಅಪ್‌ಡೇಟ್ ಆಗುತ್ತವೆ. ಹೊಸ ಅನುಮತಿ ಬೇಕಾದರೆ ಮಾತ್ರ ಕ್ರೋಮ್ ಅದನ್ನು ನಿಲ್ಲಿಸಿ ನಮ್ಮನ್ನು ಕೇಳುತ್ತದೆ. ಮೊದಲ ದಿನವೇ ‘ಎಲ್ಲ ಸೈಟು’ ಅಂತ ಬರೆದುಕೊಟ್ಟಿದ್ದರೆ ಆಮೇಲೆ ಕೇಳುವುದಕ್ಕೆ ಏನು ಉಳಿದಿರುತ್ತದೆ ಹೇಳಿ? ಇಡೀ ಮನೆಯ ಕೀಲಿಕೈ ಕೊಟ್ಟ ಮೇಲೆ ಅಡುಗೆಮನೆಗೆ ಹೋಗಲೇ ಅಂತ ಯಾರೂ ಕೇಳುವುದಿಲ್ಲ.

ಹಾಗಾದರೆ ಕಿತ್ತು ಬಿಸಾಡಬೇಕಾ? ಬೇಡ, ಮಗಳು ಅಳುತ್ತಾಳೆ. ಕಿವಿಯನ್ನು ಒಂದು ಕೋಣೆಗೆ ಸೀಮಿತ ಮಾಡಿ ಸಾಕು. ಕ್ರೋಮಿನ ಎಕ್ಸ್‌ಟೆನ್ಶನ್ ಪಟ್ಟಿಯಲ್ಲಿ ಅದರ ವಿವರಕ್ಕೆ ಹೋದರೆ ಸೈಟ್ ಆಕ್ಸೆಸ್ ಅಂತ ಇದೆ. ಎಲ್ಲ ಸೈಟುಗಳು ಅಂತ ಇರುವುದನ್ನು ‘ಒತ್ತಿದಾಗ ಮಾತ್ರ’ ಅಂತ ಮಾಡಿ, ಅಥವಾ ಅವಳಿಗೆ ಇಷ್ಟವಾದ ಎರಡು ಮೂರು ಸೈಟುಗಳ ಹೆಸರು ಕೊಡಿ. ಇದಕ್ಕಿಂತ ನೆಮ್ಮದಿಯ ದಾರಿ ಅಂದರೆ ಅವಳಿಗೆ ಬೇರೆ ಪ್ರೊಫೈಲ್ ಮಾಡಿಕೊಡುವುದು. ಒಂದೇ ಕ್ರೋಮಿನಲ್ಲಿ ನಿಮ್ಮದೊಂದು, ಅವಳದ್ದೊಂದು. ಅವಳ ಎಕ್ಸ್‌ಟೆನ್ಶನ್‌ಗಳು ನಿಮ್ಮ ಪ್ರೊಫೈಲಿಗೆ ಬರುವುದಿಲ್ಲ. ನಮ್ಮ ಮನೆಯಲ್ಲಿ ಹಾಗೇ ಇದೆ. ಮಗನ ಪ್ರೊಫೈಲಿನಲ್ಲಿ ಬೆಕ್ಕು, ಡೈನೋಸಾರು, ಬೀಳುವ ಹಿಮ, ಏನೇನಿದೆಯೋ ನೋಡಲು ಹೋಗುವುದಿಲ್ಲ. ತುರ್ತಿಗೆ ಇನ್‌ಕಾಗ್ನಿಟೋ ಕಿಟಕಿಯೂ ಆದೀತು. ನೀವಾಗಿ ಅನುಮತಿ ಕೊಡದಿದ್ದರೆ ಅಲ್ಲಿ ಎಕ್ಸ್‌ಟೆನ್ಶನ್‌ಗಳು ಓಡುವುದಿಲ್ಲ.

ಸುಮ್ನೆ ಒಂದು ಪರೀಕ್ಷೆ ಮಾಡಿ ನೋಡಿ. ಆ ಬೆಕ್ಕು ಓಡಾಡುತ್ತಿರುವಾಗ ಕ್ರೋಮಿನ ಸೆಟ್ಟಿಂಗ್ಸ್ ಪುಟ ತೆರೆಯಿರಿ. ಬೆಕ್ಕು ಅಲ್ಲಿಗೆ ಬರಲಾರದು. ಬ್ರೌಸರಿನ ಸ್ವಂತ ಪುಟಗಳಿಗೆ ಎಕ್ಸ್‌ಟೆನ್ಶನ್‌ಗಳ ಪ್ರವೇಶ ಇಲ್ಲ. ಮೇಲಿನ ವಿಳಾಸದ ಪಟ್ಟಿಗೂ ಹಾರಲಾರದು, ಅಲ್ಲಿ ಟೈಪ್ ಮಾಡಿದ್ದು ಈ ಕಿವಿಗೆ ಕೇಳುವುದೂ ಇಲ್ಲ. ಬೆಕ್ಕು ಎಲ್ಲಿ ಕಾಣುತ್ತದೋ ಅಲ್ಲಿ ಎಕ್ಸ್‌ಟೆನ್ಶನ್ ಇದೆ. ಒಂದು ಲೆಕ್ಕದಲ್ಲಿ ಇದು ಪ್ರಾಮಾಣಿಕ ಬೆಕ್ಕು, ತಾನು ಎಲ್ಲೆಲ್ಲಿ ನುಗ್ಗಿದ್ದೇನೆ ಅಂತ ತಾನೇ ತೋರಿಸುತ್ತದೆ. ಕಾಣದೆ ನುಗ್ಗಿರುವ ಕೂಪನ್ ಹುಡುಕುವ, ಪಿಡಿಎಫ್ ಬದಲಿಸುವ ಎಕ್ಸ್‌ಟೆನ್ಶನ್‌ಗಳು ಎಷ್ಟಿವೆ ಅಂತ ಒಮ್ಮೆ ನಿಮ್ಮ ಪಟ್ಟಿಯನ್ನೂ ನೋಡಿಕೊಳ್ಳಿ.

ಎಕ್ಸ್‌ಟೆನ್ಶನ್ ಇಲ್ಲದೆಯೂ ಬೆಕ್ಕಿನ ಗುಟ್ಟುಗಳು ಬೇಕಾದಷ್ಟು ಇವೆ, ಮಗಳ ಗಮನ ಅತ್ತ ತಿರುಗಿಸಬಹುದು. ಗೂಗಲ್ಲಿನಲ್ಲಿ ಇಂಗ್ಲಿಷಿನಲ್ಲಿ ಕ್ಯಾಟ್ ಅಂತ ಹುಡುಕಿದಾಗ ಪಂಜದ ಗುರುತಿನ ಗುಂಡಿ ಕಂಡರೆ ಅದನ್ನು ಒತ್ತಲಿ. ಆಮೇಲೆ ಪುಟದಲ್ಲಿ ಎಲ್ಲಿ ಒತ್ತಿದರೂ ಮಿಯಾಂವ್ ಅಂತ ಒಂದು ಪಂಜ ಬಂದು ತಟ್ಟಿ ಹೋಗುತ್ತದೆ. ಆಂಡ್ರಾಯ್ಡ್ ಫೋನಿನಲ್ಲೂ ಒಂದು ಇದೆ. 2016ರ ಆಂಡ್ರಾಯ್ಡ್ 7ರಲ್ಲಿ ಖಾಲಿ ತಟ್ಟೆಯೊಂದನ್ನು ಅಡಗಿಸಿಟ್ಟಿದ್ದರು. ಅದರಲ್ಲಿ ಮೀನೋ ಕೋಳಿಯೋ ಇಟ್ಟು ಕಾದರೆ, ಸ್ವಲ್ಪ ಹೊತ್ತಿನ ಮೇಲೆ ‘ಬೆಕ್ಕು ಬಂದಿದೆ’ ಅಂತ ಸೂಚನೆ ಬರುತ್ತಿತ್ತು. ಒಂದೊಂದು ಬೆಕ್ಕಿಗೂ ಒಂದೊಂದು ಬಣ್ಣ, ಒಂದೊಂದು ನಂಬರು. 2020ರ ಆಂಡ್ರಾಯ್ಡ್ 11ರಲ್ಲಿ ಅದೇ ಆಟ ಮತ್ತೆ ಬಂತು, ಈ ಸಲ ನೀರು, ಊಟ, ಆಟಿಕೆ ಮೂರೂ ಇದ್ದವು. ಆ ಎರಡು ಆವೃತ್ತಿಗಳ ಫೋನಿದ್ದರೆ, ಸೆಟ್ಟಿಂಗ್ಸಿನಲ್ಲಿ ಆಂಡ್ರಾಯ್ಡ್ ಆವೃತ್ತಿಯ ಮೇಲೆ ಪಟಪಟ ಒತ್ತಿದರೆ ಬಾಗಿಲು ತೆರೆಯುತ್ತದೆ. ಕೆಲವು ಫೋನ್ ತಯಾರಕರು ಇದನ್ನು ತೆಗೆದುಬಿಟ್ಟಿರುತ್ತಾರೆ. ರಸಿಕತೆ ಇಲ್ಲದವರು.

ಇನ್ನು ಅವಳು ತಾನೇ ಮಾಡುತ್ತೇನೆ ಅಂದದ್ದು. ದಯವಿಟ್ಟು ಬೇಡ ಅನ್ನಬೇಡಿ. ಇಡೀ ಬೆಕ್ಕು ಇರುವುದು 32 ಚಿತ್ರಗಳಲ್ಲಿ. ಒಂದೊಂದು 32 ಚುಕ್ಕಿ ಅಗಲ, 32 ಚುಕ್ಕಿ ಎತ್ತರ. ಎಂಟು ದಿಕ್ಕಿಗೆ ಓಡುವುದಕ್ಕೆ ಎರಡೆರಡು, ಅಲ್ಲಿಗೆ 16. ನಾಲ್ಕು ಗೋಡೆ ಕೆರೆಯುವುದಕ್ಕೆ ಎರಡೆರಡು, ಅವು 8. ಮೈ ಕೆರೆದುಕೊಳ್ಳುವುದು 3, ನಿದ್ದೆ 2, ಕೂತದ್ದು, ಬೆಚ್ಚಿದ್ದು, ಆಕಳಿಸಿದ್ದು ಒಂದೊಂದು. ಕೂಡಿ ನೋಡಲಿ. ನಾಯಿ ಬೇಕಾದರೆ ಇನ್ನೂ 32 ಬರೆಯಬೇಕು, ಗ್ರಾಫ್ ಹಾಳೆಯಲ್ಲಿ ಶುರು ಮಾಡಿದರೆ ಸುಲಭ.

ಬೆಕ್ಕು ಸೆಕೆಂಡಿಗೆ ಹತ್ತು ಹೆಜ್ಜೆ ಇಡುತ್ತದೆ, ಒಂದು ಹೆಜ್ಜೆಗೆ ಹತ್ತು ಚುಕ್ಕಿ ದೂರ. ಬಾಣ ಎಷ್ಟು ದೂರ ಇದೆ ಅಂತ ತಿಳಿಯಲು ಬೇಕಾಗುವುದು ಅವಳು ಶಾಲೆಯಲ್ಲಿ ಕಲಿಯುವ ಪೈಥಾಗೊರಸ್ ಪ್ರಮೇಯ: ಅಡ್ಡ ದೂರದ ವರ್ಗ, ಲಂಬ ದೂರದ ವರ್ಗ, ಕೂಡಿಸಿ ವರ್ಗಮೂಲ. ದೂರ 48 ಚುಕ್ಕಿಗಿಂತ ಕಡಿಮೆಯಾದರೆ ಬೆಕ್ಕು ನಿಲ್ಲುತ್ತದೆ. ಯಾವಾಗ ಮಲಗುವುದು, ಯಾವಾಗ ಕೆರೆದುಕೊಳ್ಳುವುದು ಅನ್ನುವುದಕ್ಕೆ ಒನೆಕೊ ದಾಳ ಹಾಕುತ್ತದೆ. ಒಂದು ಸೆಕೆಂಡು ಸುಮ್ಮನಿದ್ದ ಮೇಲೆ, ಪ್ರತಿ ಹೆಜ್ಜೆಯ ಸಮಯಕ್ಕೂ ಇನ್ನೂರರಲ್ಲಿ ಒಂದು ಅವಕಾಶ. ಸೆಕೆಂಡಿಗೆ ಹತ್ತು ಸಲ ದಾಳ ಬಿದ್ದರೆ ಸರಾಸರಿ 20 ಸೆಕೆಂಡಿಗೆ ಒಂದು ಚೇಷ್ಟೆ. ಬೆಕ್ಕಿಗೆ ಜೀವ ಇದೆ ಅಂತ ನಮಗೆ ಅನ್ನಿಸುವುದು ಈ ದಾಳದಿಂದಲೇ. ಸರಿಯಾಗಿ 20 ಸೆಕೆಂಡಿಗೊಮ್ಮೆ ಆಕಳಿಸುವ ಬೆಕ್ಕನ್ನು ಎರಡು ನಿಮಿಷಕ್ಕಿಂತ ಜಾಸ್ತಿ ಯಾರು ನೋಡುತ್ತಾರೆ?

ಗುಟ್ಟಿನ ಕೀಲಿ ಬರೆಯುವಾಗ ಅವಳು ಒಂದು ತಪ್ಪು ಮಾಡುತ್ತಾಳೆ, ಈಗಲೇ ಹೇಳಿರುತ್ತೇನೆ. ಎಲ್ಲರೂ ಮಾಡುತ್ತೇವೆ. ಸಾಲನ್ನು ನೆನಪಿಟ್ಟುಕೊಳ್ಳುವ ಬದಲು ‘ಈಗ ಎಷ್ಟನೆಯ ಒತ್ತು ಸರಿ ಬಂದಿದೆ’ ಅಂತ ಒಂದು ಎಣಿಕೆ ಇಟ್ಟು, ತಪ್ಪಿದರೆ ಸೊನ್ನೆಗೆ ಇಳಿಸುತ್ತಾಳೆ. ನೋಡಲು ಸರಿಯಾಗಿಯೇ ಇರುತ್ತದೆ. ಆಮೇಲೆ ಯಾರಾದರೂ ಮೇಲಿನ ಬಾಣವನ್ನು ಅಪ್ಪಿತಪ್ಪಿ ಮೂರು ಸಲ ಒತ್ತಿ ಮುಂದುವರಿಯುತ್ತಾರೆ. ಮೂರನೆಯದು ತಪ್ಪು ಅಂತ ಎಣಿಕೆ ಸೊನ್ನೆಯಾಗುತ್ತದೆ. ಆದರೆ ಕೊನೆಯ ಎರಡು ‘ಮೇಲೆ’ ಸರಿಯಾಗಿಯೇ ಇದ್ದವಲ್ಲ! ಬಸ್ಸಿನ ಸಾಲಿನ ಪದ್ಧತಿಯಲ್ಲಿ ಈ ತೊಂದರೆ ಬರುವುದಿಲ್ಲ. ಮೊದಲ ‘ಮೇಲೆ’ ತಾನಾಗಿ ಇಳಿದು ಹೋಗಿರುತ್ತದೆ. ಇನ್ನೊಂದು, ಯಾರಾದರೂ ಪುಟದ ಬರೆಯುವ ಚೌಕದಲ್ಲಿ ಟೈಪ್ ಮಾಡುತ್ತಿದ್ದರೆ ಆಗ ಕೇಳಿಸಿಕೊಳ್ಳುವುದೇ ಬೇಡ ಅಂತ ಬರೆಯಲಿ. ಅದು ಒಂದೇ ಸಾಲು, ಪಾಸ್‌ವರ್ಡಿನ ವಿಷಯ ಹೇಳಿದೆನಲ್ಲ, ಅದಕ್ಕೂ ಒಳ್ಳೆಯದು.

ಕೊನಾಮಿ ಕೋಡ್ ಎಲ್ಲರಿಗೂ ಗೊತ್ತು. ಅವಳ ಬೆಕ್ಕಿಗೆ ಅವಳದ್ದೇ ಗುಟ್ಟು ಇರಲಿ ಅಂದರೆ ನನ್ನದೊಂದು ಸಲಹೆ ಇದೆ. ಕೀಬೋರ್ಡನ್ನು ಕನ್ನಡ ಇನ್‌ಸ್ಕ್ರಿಪ್ಟಿನಲ್ಲಿಟ್ಟು ‘ಬೆಕ್ಕು’ ಅಂತ ಒತ್ತಲಿ. ಬ, ಎತ್ವ, ಕ, ಅರ್ಧಾಕ್ಷರದ ಚಿಹ್ನೆ, ಮತ್ತೆ ಕ, ಉತ್ವ. ಆರು ಒತ್ತು, ಆರು ಸೀಟಿನ ಬಸ್ಸು ಸಾಕು. ಇಲ್ಲಿ ಜಾಗ ನೋಡುವುದು ಬೇಡ, ಅಕ್ಷರ ಕೊಡುವ ಕೀ ನೋಡಬೇಕು. ನಿಮಗೆ ಅವತ್ತು ಸಂಜೆ ಕೈಕೊಟ್ಟದ್ದು ಯಾವುದೋ, ಅದೇ ಇಲ್ಲಿ ಕೆಲಸಕ್ಕೆ ಬರುತ್ತದೆ. ಇಂಗ್ಲಿಷ್ ಕೀಬೋರ್ಡಿನಲ್ಲಿ ಯಾರು ಎಷ್ಟು ಕುಟ್ಟಿದರೂ ಆ ಬೆಕ್ಕು ಕಿವಿ ಅಲ್ಲಾಡಿಸುವುದಿಲ್ಲ.